ಚಂದ್ರಿಯಾಗಿ ಉಳಿದ ಸ್ನೇಹಲತಾ ರೆಡ್ಡಿ

ಕನ್ನಡ ಚಿತ್ರರಂಗದ ಚರಿತ್ರೆಯನ್ನು ‘ಸಂಸ್ಕಾರ’ಕ್ಕೆ ಮುಂಚೆ ಮತ್ತು ‘ಸಂಸ್ಕಾರ’ದ ನಂತರ ಎಂದು ವಿಂಗಡಿಸಿ ನೋಡುವ ವಾಡಿಕೆ ವಿಮರ್ಶಕರಲ್ಲಿ ಇಂದಿಗೂ ಇದೆ. 1970ರಲ್ಲಿ ತೆರೆಕಂಡ ಆ ಕಪ್ಪು-ಬಿಳುಪು ಚಿತ್ರದ ಮಾತು ಬಂದಾಗ ಕಾದಂಬರಿಕಾರ ಯು.ಆರ್. ಅನಂತಮೂರ್ತಿ, ನಿರ್ದೇಶಕ ಪಟ್ಟಾಭಿರಾಮ ರೆಡ್ಡಿ, ಪ್ರಾಣೇಶಾಚಾರ್ಯನ ಪಾತ್ರ ವಹಿಸಿದ ಗಿರೀಶ ಕಾರ್ನಾಡ, ನಾರಣಪ್ಪನಾದ ಪಿ. ಲಂಕೇಶ್ ಇವರ ಹೆಸರುಗಳು ಮೊದಲಿಗೆ ಕೇಳಿಬರುತ್ತವೆ. ಚಂದ್ರಿಯ ಪಾತ್ರ ವಹಿಸಿದ ಕಲಾವಿದೆಯ ಹೆಸರು ತುಸು ತಡವಾಗಿ ನೆನಪಾಗುತ್ತದೆ. ತೆರೆಯ ಮೇಲೆ ಆ ಪಾತ್ರಕ್ಕೆ ದೊರೆತ ಅವಕಾಶವೂ ಅಷ್ಟಕ್ಕಷ್ಟೆ. ಕಥೆ ಅರ್ಧ ದಾರಿ ಸವೆಸುವಷ್ಟರಲ್ಲಿ ಚಂದ್ರಿ ತನ್ನ ಕೆಲಸ ಮುಗಿಸಿ ಹೊರಟುಹೋಗುತ್ತಾಳೆ. ಆದರೂ ಚಿತ್ರ ನೋಡಿ ಎದ್ದವರ ಮನಸ್ಸಿನಲ್ಲಿ ಅವಳು ಉಳಿಯುತ್ತಾಳೆ.

ಆ ಪಾತ್ರವನ್ನು ನಿರ್ವಹಿಸಿದ ಸ್ನೇಹಲತಾ ರೆಡ್ಡಿ ಅವರು ಚಿತ್ರ ಬಿಡುಗಡೆಯಾದ ಏಳು ವರ್ಷಗಳೊಳಗೆ, 1977ರ ಜನವರಿ 20ರಂದು ನಿಧನ ಹೊಂದಿದರು. ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿ ಎಂಟು ತಿಂಗಳು ವಿಚಾರಣೆಯಿಲ್ಲದೆ ಬಂಧನದಲ್ಲಿದ್ದು ಹೊರಬಂದ ಐದನೆಯ ದಿನವೇ ಅವರ ಉಸಿರು ನಿಂತಿತು. ತುರ್ತು ಪರಿಸ್ಥಿತಿಗೆ ಕರ್ನಾಟಕ ತೆತ್ತ ಬೆಲೆಯ ಲೆಕ್ಕದಲ್ಲಿ ಮೊದಲಿಗೆ ಬರುವ ಹೆಸರು ಅವರದು.

ಆಂಧ್ರದ ಮಗಳು, ಮದರಾಸಿನ ರಂಗಭೂಮಿ

ಸ್ನೇಹಲತಾ ಅವರು 1932ರಲ್ಲಿ ಆಂಧ್ರ ಮೂಲದ ಕ್ರೈಸ್ತ ಕುಟುಂಬವೊಂದರಲ್ಲಿ ಜನಿಸಿದರು. ಸ್ವಾತಂತ್ರ್ಯ ಚಳವಳಿ ಕಾವೇರಿದ್ದ ಕಾಲದಲ್ಲಿ ಅವರ ಬಾಲ್ಯ ಕಳೆಯಿತು. ಆಂಗ್ಲರ ಆಳ್ವಿಕೆಯನ್ನು ಕಂಡರಾಗದ ಆ ಹುಡುಗಿ ಭಾರತೀಯ ಹೆಸರನ್ನೂ ಭಾರತೀಯ ಉಡುಪನ್ನೂ ತಾನಾಗಿಯೇ ಆರಿಸಿಕೊಂಡಳು. ಭರತನಾಟ್ಯವನ್ನು ಶ್ರದ್ಧೆಯಿಂದ ಕಲಿತರು. ದೇಹದ ನಿಲುವಿನಲ್ಲಿ, ಕಣ್ಣಿನ ನೋಟದಲ್ಲಿ ಭಾವವನ್ನು ಹಿಡಿದಿಡುವ ಆ ವಿದ್ಯೆ ಮುಂದೆ ಮಾತು ಕಡಿಮೆಯಿದ್ದ ಪಾತ್ರವೊಂದರಲ್ಲಿ ಅವರ ನೆರವಿಗೆ ಬಂದಿತು.

ಅವರು ಕೈಹಿಡಿದದ್ದು ನೆಲ್ಲೂರಿನ ಪಟ್ಟಾಭಿರಾಮ ರೆಡ್ಡಿ ಅವರನ್ನು. 1919ರಲ್ಲಿ ಜನಿಸಿದ ಪಟ್ಟಾಭಿ ತೆಲುಗಿನ ಪ್ರಯೋಗಶೀಲ ಕವಿ. 1939ರಲ್ಲಿ ಪ್ರಕಟವಾದ ಅವರ ‘ಫಿಡೇಲು ರಾಗಾಲ ಡಜನ್’ ಕವನ ಸಂಕಲನವು ತೆಲುಗು ಛಂದಸ್ಸಿನ ಕಟ್ಟುಪಾಡುಗಳನ್ನು ಮುರಿದು ಸಂಪ್ರದಾಯಸ್ಥರ ಕೋಪಕ್ಕೆ ಗುರಿಯಾಗಿತ್ತು. ಮುಂದೆ ಅವರು ಚಿತ್ರ ನಿರ್ಮಾಣಕ್ಕೆ ಇಳಿದು, ಕೆ.ವಿ. ರೆಡ್ಡಿ ಅವರ ನಿರ್ದೇಶನದಲ್ಲಿ ‘ಪೆಳ್ಳಿನಾಟಿ ಪ್ರಮಾಣಾಲು’ ಮುಂತಾದ ಜನಪ್ರಿಯ ತೆಲುಗು ಚಿತ್ರಗಳನ್ನು ತೆರೆಗೆ ತಂದರು. ವ್ಯಾಪಾರಿ ಚಿತ್ರರಂಗದ ಒಳಹೊರಗನ್ನು ಬಲ್ಲವರಾಗಿದ್ದೂ ಅದರಾಚೆಗೆ ಏನಾದರೂ ಮಾಡಬೇಕೆಂಬ ಹಂಬಲ ಅವರಲ್ಲಿ ಉಳಿದಿತ್ತು.

ದಂಪತಿಗಳನ್ನು ಒಂದುಗೂಡಿಸಿದ ಮತ್ತೊಂದು ಎಳೆಯೆಂದರೆ ಡಾ. ರಾಮಮನೋಹರ ಲೋಹಿಯಾ ಅವರ ಚಿಂತನೆ. ಜಾತಿಯ ವಿನಾಶ, ಸ್ತ್ರೀಪುರುಷರ ಸಮಾನತೆ, ದೇಶಭಾಷೆಗಳ ಏಳಿಗೆ ಇವು ಲೋಹಿಯಾ ಸಮಾಜವಾದದ ಮುಖ್ಯ ಅಂಶಗಳು. ಪುರಾಣದ ಸ್ತ್ರೀಯರಲ್ಲಿ ಸಾವಿತ್ರಿಗಿಂತ ದ್ರೌಪದಿಯನ್ನು ಹೆಚ್ಚು ಮೆಚ್ಚಿದ ಆ ಚಿಂತಕನ ಪ್ರಭಾವ ಸ್ನೇಹಲತಾ ಅವರ ಮೇಲೆ ಗಾಢವಾಗಿತ್ತು. ಮುಂದೆ ಅವರು ಸೀತೆಯನ್ನು ಕೇಂದ್ರವಾಗಿಟ್ಟುಕೊಂಡು ಆಂಗ್ಲ ಭಾಷೆಯಲ್ಲಿ ನಾಟಕವೊಂದನ್ನು ರಚಿಸಿದ್ದು ಆಕಸ್ಮಿಕವಲ್ಲ.

1960ರ ದಶಕದ ಮದರಾಸಿನಲ್ಲಿ ಅವರು ‘ಮದ್ರಾಸ್ ಪ್ಲೇಯರ್ಸ್’ ಎಂಬ ಹವ್ಯಾಸಿ ನಾಟಕ ತಂಡದ ಸ್ಥಾಪಕರಲ್ಲಿ ಒಬ್ಬರಾದರು. ಇಬ್ಸೆನ್‌ನ ‘ಪೀರ್ ಗಿಂಟ್’, ಆರ್ಥರ್ ಮಿಲ್ಲರ್‌ನ ‘ಎ ವ್ಯೂ ಫ್ರಮ್ ದ ಬ್ರಿಡ್ಜ್’, ಶೇಕ್ಸ್‌ಪಿಯರ್‌ನ ‘ಟ್ವೆಲ್ಫ್ತ್ ನೈಟ್’, ಟೆನೆಸ್ಸೀ ವಿಲಿಯಮ್ಸ್‌ನ ‘ನೈಟ್ ಆಫ್ ದ ಇಗ್ವಾನಾ’ ಮುಂತಾದ ನಾಟಕಗಳನ್ನು ಆ ತಂಡ ರಂಗಕ್ಕೆ ತಂದಿತು. ಆಕ್ಸ್‌ಫರ್ಡ್‌ನಲ್ಲಿ ವ್ಯಾಸಂಗ ಮುಗಿಸಿ 1963ರಲ್ಲಿ ಮದರಾಸಿನ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್‌ನಲ್ಲಿ ಉದ್ಯೋಗಕ್ಕೆ ಸೇರಿದ ಗಿರೀಶ ಕಾರ್ನಾಡ ಅವರೂ ಈ ತಂಡದೊಡನೆ ಬೆರೆತರು. ನಗರದ ಹೊರವಲಯದಲ್ಲಿ 1966ರಲ್ಲಿ ಕೆ.ಸಿ.ಎಸ್. ಪಣಿಕ್ಕರ್ ಅವರ ನೇತೃತ್ವದಲ್ಲಿ ಚೋಳಮಂಡಲ ಕಲಾವಿದರ ಗ್ರಾಮ ತಲೆಯೆತ್ತಿತ್ತು. ಮೈಸೂರು ಮೂಲದ ಚಿತ್ರಕಲಾವಿದ ಎಸ್.ಜಿ. ವಾಸುದೇವ್ ಅಲ್ಲಿದ್ದರು. ಕವಿ, ನಟಿ, ನಾಟಕಕಾರ, ಚಿತ್ರಕಾರ ಹೀಗೆ ಬೇರೆಬೇರೆ ಕ್ಷೇತ್ರದವರು ಒಂದೆಡೆ ಸೇರಿ ಹರಟುವ, ಜಗಳವಾಡುವ, ಕನಸು ಕಾಣುವ ಆ ವಾತಾವರಣದಲ್ಲಿಯೇ ‘ಸಂಸ್ಕಾರ’ ಚಿತ್ರದ ಬೀಜ ಮೊಳೆಯಿತು.

ಶವ ಕಾಯುತ್ತಿದ್ದ ಅಗ್ರಹಾರ

ಅನಂತಮೂರ್ತಿ ಅವರು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್‌ನಲ್ಲಿ ಸಂಶೋಧನೆ ನಡೆಸುತ್ತಿದ್ದಾಗ ಬರೆದ ಕಾದಂಬರಿ ‘ಸಂಸ್ಕಾರ’. 1965ರಲ್ಲಿ ಅದು ಪ್ರಕಟವಾದೊಡನೆ ಕನ್ನಡ ಸಾಹಿತ್ಯಲೋಕದಲ್ಲಿ ಬಿರುಗಾಳಿ ಎದ್ದಿತು. ಮಲೆನಾಡಿನ ದೂರ್ವಾಸಪುರವೆಂಬ ಅಗ್ರಹಾರದಲ್ಲಿ ನಾರಣಪ್ಪನೆಂಬ ಬ್ರಾಹ್ಮಣ ತೀರಿಕೊಳ್ಳುತ್ತಾನೆ. ಮದ್ಯಮಾಂಸ ಸೇವಿಸಿದವನು, ಹೆಂಡತಿಯನ್ನು ತೊರೆದು ಕೆಳಜಾತಿಯ ಚಂದ್ರಿಯೊಡನೆ ಬಾಳುವೆ ಮಾಡಿದವನು. ಜೀವವಿದ್ದಾಗ ಅವನಿಗೆ ಬಹಿಷ್ಕಾರ ಹಾಕಿರಲಿಲ್ಲವಾದ್ದರಿಂದ ಅವನ ಶವ ಬ್ರಾಹ್ಮಣನದೇ. ಅದಕ್ಕೆ ಸಂಸ್ಕಾರ ಮಾಡುವವರು ಯಾರು? ಹೆಣ ಎತ್ತುವವರೆಗೆ ಅಗ್ರಹಾರದಲ್ಲಿ ಯಾರೂ ಉಣ್ಣುವಂತಿಲ್ಲ. ಪಂಡಿತೋತ್ತಮನಾದ ಪ್ರಾಣೇಶಾಚಾರ್ಯ ತಾಳೆಗರಿಗಳಲ್ಲಿ ಉತ್ತರ ಹುಡುಕುತ್ತಾನೆ, ಮಾರುತಿಯ ಪ್ರಸಾದಕ್ಕಾಗಿ ಕಾಯುತ್ತಾನೆ. ಉತ್ತರ ದೊರೆಯುವುದಿಲ್ಲ. ಅತ್ತ ಶವ ಕೊಳೆಯುತ್ತದೆ, ಇಲಿಗಳು ಸಾಯುತ್ತವೆ, ಪ್ಲೇಗು ಹಬ್ಬುತ್ತದೆ.

ಈ ಕಥೆಯಲ್ಲಿ ಚಂದ್ರಿ ಮೂರು ಕಡೆ ಬರುತ್ತಾಳೆ. ಸಾವಿನ ಸುದ್ದಿಯನ್ನು ಆಚಾರ್ಯನ ಮನೆಬಾಗಿಲಿಗೆ ತರುವವಳು ಅವಳು. ಸಂಸ್ಕಾರದ ಖರ್ಚಿಗೆಂದು ಮೈಮೇಲಿನ ಬಂಗಾರವನ್ನೆಲ್ಲ ಬಿಚ್ಚಿ ಇಡುವವಳೂ ಅವಳೇ. ಆ ಬಂಗಾರ ಕಂಡೊಡನೆ, ನಿನ್ನೆಯತನಕ ಮೈಲಿಗೆಯ ಮಾತಾಡುತ್ತಿದ್ದವರ ನಾಲಗೆ ಬೇರೆ ಮಾತಾಡತೊಡಗುತ್ತದೆ. ಎರಡನೆಯದಾಗಿ, ಕಾಡಿನ ಕತ್ತಲೆಯಲ್ಲಿ ಸೋತುಬರುತ್ತಿದ್ದ ಆಚಾರ್ಯನಿಗೆ ಅವಳು ಎದುರಾಗುತ್ತಾಳೆ. ಕಥೆಯ ದಿಕ್ಕನ್ನೇ ಬದಲಿಸುವ ಘಳಿಗೆಯದು. ಮೂರನೆಯದಾಗಿ, ಶಾಸ್ತ್ರ ಬಲ್ಲವರು ಮಾಡಲಾರದೆ ಬಿಟ್ಟ ಕೆಲಸವನ್ನು ಅವಳು ರಾತ್ರೋರಾತ್ರಿ ಮಾಡಿ ಮುಗಿಸುತ್ತಾಳೆ. ಕಾದಂಬರಿಯಲ್ಲಿ ಅವಳು ಮುಸಲ್ಮಾನನೊಬ್ಬನ ನೆರವು ಪಡೆದು ನಾರಣಪ್ಪನ ದೇಹವನ್ನು ಚಿತೆಗೇರಿಸುತ್ತಾಳೆ. ಬಳಿಕ ಯಾರಿಗೂ ಏನನ್ನೂ ಹೇಳದೆ ಊರು ಬಿಡುತ್ತಾಳೆ. ಇತ್ತ ಅಗ್ರಹಾರ ಮಾತ್ರ ಸುಟ್ಟುಹೋದ ಹೆಣದ ಸಂಸ್ಕಾರ ಹೇಗೆಂದು ಚರ್ಚಿಸುತ್ತಲೇ ಇರುತ್ತದೆ. ಧರ್ಮದ ಪ್ರಶ್ನೆಗೆ ಉತ್ತರ ಕೊಟ್ಟವಳು ಧರ್ಮದ ಹೊರಗೆ ನಿಲ್ಲಿಸಲ್ಪಟ್ಟವಳು.

ಹೊಸ ಅಲೆಯ ಮೊದಲ ಹೆಜ್ಜೆ

ಹಾಡು, ಕುಣಿತ, ಹೊಡೆದಾಟಗಳಿಲ್ಲದೆ ಚಿತ್ರವೇ ಇಲ್ಲವೆಂಬ ನಂಬಿಕೆ ಬಲವಾಗಿದ್ದ ಕಾಲವದು. ಭಾರತದ ಬೇರೆಡೆಗಳಲ್ಲಿ ಆಗಷ್ಟೇ ಹೊಸ ಗಾಳಿ ಬೀಸತೊಡಗಿತ್ತು. ಮೃಣಾಲ್ ಸೇನ್ ಅವರ ‘ಭುವನ್ ಶೋಮ್’ 1969ರಲ್ಲಿ ಬಂದಿತ್ತು. ಮಣಿ ಕೌಲ್ ಅವರ ‘ಉಸ್‌ಕೀ ರೋಟಿ’ 1970ರದು. ಕನ್ನಡದಲ್ಲಿ ಎನ್. ಲಕ್ಷ್ಮೀನಾರಾಯಣ ಅವರು 1964ರಲ್ಲಿಯೇ ‘ನಾಂದಿ’ಯ ಮೂಲಕ ಭಿನ್ನ ದಾರಿ ತುಳಿದಿದ್ದರು. ಆದರೆ ‘ಸಂಸ್ಕಾರ’ ತಂಡದ ಸಾಹಸ ಇನ್ನೂ ಮುಂದಿನದು. ಲೋಹಿಯಾ ಅವರ ನೆನಪಿಗೆ ಸಂಸ್ಥೆಗೆ ‘ರಾಮಮನೋಹರ ಚಿತ್ರ’ ಎಂದು ಹೆಸರಿಡಲಾಯಿತು. ಕಾರ್ನಾಡರು ಚಿತ್ರಕಥೆ ಬರೆದರು. ವಾಸುದೇವ್ ಕಲಾ ನಿರ್ದೇಶನದ ಹೊಣೆ ಹೊತ್ತರು. ಛಾಯಾಗ್ರಹಣಕ್ಕೆ ಆಸ್ಟ್ರೇಲಿಯಾದ ಟಾಮ್ ಕೋವನ್ ಬಂದರು, ಸಂಕಲನವನ್ನು ಸ್ಟೀವನ್ ಕಾರ್ಟಾ ನಿರ್ವಹಿಸಿದರು. ಸಿಂಗೀತಂ ಶ್ರೀನಿವಾಸರಾವ್ ಅವರು ಕಾರ್ಯನಿರ್ವಹಣೆಯಲ್ಲಿ ನೆರವಾದರು. ಶೃಂಗೇರಿ ಸಮೀಪದ ವೈಕುಂಠಪುರವೆಂಬ ಹಳ್ಳಿಯಲ್ಲಿ, ನಿಜವಾದ ಮನೆ ಅಂಗಳಗಳಲ್ಲಿ, ಚಿತ್ರೀಕರಣ ನಡೆಯಿತು. ತೆರೆಯ ಮೇಲೆ ಕಾಣಿಸಿಕೊಂಡವರಲ್ಲಿ ವೃತ್ತಿನಿರತ ತಾರೆಯರಿರಲಿಲ್ಲ. ಸಾಹಿತಿಗಳು, ಹವ್ಯಾಸಿ ರಂಗಕರ್ಮಿಗಳು, ಸ್ನೇಹಿತರು ಸೇರಿ ಅಗ್ರಹಾರವನ್ನು ಕಟ್ಟಿದರು.

ರಾಯಚೂರು ಸೀಮೆಯ ಓದುಗರಿಗೆ ಈ ಚಿತ್ರದೊಡನೆ ಹೆಮ್ಮೆಯ ನಂಟೊಂದಿದೆ. ‘ಸಂಸ್ಕಾರ’ಕ್ಕೆ ಸಂಗೀತ ನೀಡಿದವರು ಸರೋದ್ ವಾದಕ ಪಂಡಿತ್ ರಾಜೀವ ತಾರಾನಾಥರು. ರಾಯಚೂರಿನಲ್ಲಿ ಹಮ್‌ದರ್ದ್ ಶಾಲೆಯನ್ನು ಸ್ಥಾಪಿಸಿ ರಾಷ್ಟ್ರೀಯ ಶಿಕ್ಷಣದ ದೀಪ ಹಚ್ಚಿದ ಪಂಡಿತ ತಾರಾನಾಥರ ಸುಪುತ್ರರವರು. ಹಿಂದೂ ಮುಸ್ಲಿಂ ಭೇದವಿಲ್ಲದೆ ಮಕ್ಕಳಿಗೆ ಅಕ್ಷರ ಕಲಿಸಿದ ತಂದೆ, ಜಾತಿಯ ಕಟ್ಟನ್ನು ಪ್ರಶ್ನಿಸಿದ ಚಿತ್ರಕ್ಕೆ ನಾದ ತುಂಬಿದ ಮಗ, ಇವರಿಬ್ಬರ ನಡುವೆ ಒಂದು ಒಳದಾರಿ ಇದೆ. ಉಸ್ತಾದ್ ಅಲಿ ಅಕ್ಬರ್ ಖಾನ್ ಅವರ ಶಿಷ್ಯರಾಗಿದ್ದ, ಆಂಗ್ಲ ಸಾಹಿತ್ಯದ ಪ್ರಾಧ್ಯಾಪಕರೂ ಆಗಿದ್ದ ರಾಜೀವರು 2024ರ ಜೂನ್‌ನಲ್ಲಿ ಅಗಲಿದರು. ಹಾಡುಗಳೇ ಇಲ್ಲದ ಚಿತ್ರವೊಂದರಲ್ಲಿ ಸಂಗೀತಕ್ಕೆ ಯಾವ ಸ್ಥಾನವಿರಬಲ್ಲುದೆಂಬುದನ್ನು ಅವರ ಕೆಲಸ ತೋರಿಸಿಕೊಟ್ಟಿತು.

ಸ್ನೇಹಲತಾ ಅವರ ಮಟ್ಟಿಗೆ ಚಂದ್ರಿಯ ಪಾತ್ರ ಸುಲಭದ್ದಾಗಿರಲಿಲ್ಲ. ಮಹಾನಗರದ ಆಂಗ್ಲ ರಂಗಭೂಮಿಯಲ್ಲಿ ಪಳಗಿದ ಕಲಾವಿದೆ ಮಲೆನಾಡಿನ ವೇಶ್ಯಾಕುಲದ ಹೆಣ್ಣಾಗಬೇಕಿತ್ತು. ಇಂತಹ ಪಾತ್ರವನ್ನು ಶೃಂಗಾರದ ಬೊಂಬೆಯಾಗಿಸುವುದು ಅಂದಿನ ತೆರೆಗೆ ಸಹಜವಾಗಿತ್ತು. ಅವರು ಆ ದಾರಿ ಹಿಡಿಯಲಿಲ್ಲ. ಅವರ ಚಂದ್ರಿಯಲ್ಲಿ ದುಃಖವಿದೆ, ದೈನ್ಯವಿಲ್ಲ. ಪಂಡಿತರ ಜಗಲಿಯ ಕೆಳಗೆ ನಿಂತು ಉತ್ತರಕ್ಕಾಗಿ ಕಾಯುವ ಹೆಣ್ಣಿನ ಮೌನದಲ್ಲಿ ಒಂದು ಘನತೆ ಕಾಣುತ್ತದೆ. ಜಗಲಿಯ ಮೇಲಿನ ವಾಗ್ವಾದಗಳೆಲ್ಲ ಆ ಮೌನದ ಎದುರು ಸಣ್ಣವಾಗುತ್ತವೆ.

ನಿಷೇಧ ಮತ್ತು ಚಿನ್ನದ ಪದಕ

ಚಿತ್ರ ಸಿದ್ಧವಾದೊಡನೆ ಅಡ್ಡಿ ಎದುರಾಯಿತು. ಜಾತಿಯ ವಿಷಯವನ್ನು ಕೆದಕುವ ಚಿತ್ರದಿಂದ ಸಮಾಜದಲ್ಲಿ ಉದ್ವಿಗ್ನತೆ ಉಂಟಾದೀತೆಂಬ ಕಾರಣ ಮುಂದೊಡ್ಡಿ ಮದರಾಸಿನ ಸೆನ್ಸಾರ್ ಮಂಡಳಿ ಪ್ರದರ್ಶನಕ್ಕೆ ಅನುಮತಿ ನಿರಾಕರಿಸಿತು. ಕೇಂದ್ರ ವಾರ್ತಾ ಮತ್ತು ಪ್ರಸಾರ ಸಚಿವಾಲಯದವರೆಗೆ ವಿಷಯ ಹೋಗಿ, ಕೊನೆಗೆ ನಿಷೇಧ ತೆರವಾಯಿತು. ನಿಷೇಧಕ್ಕೊಳಗಾಗಿದ್ದ ಅದೇ ಚಿತ್ರ 1970ನೆಯ ಸಾಲಿನ ಅತ್ಯುತ್ತಮ ಕಥಾಚಿತ್ರವೆಂದು ರಾಷ್ಟ್ರಪತಿಗಳ ಚಿನ್ನದ ಪದಕ ಪಡೆಯಿತು. ಕನ್ನಡಕ್ಕೆ ಆ ಗೌರವ ಸಂದದ್ದು ಅದೇ ಮೊದಲು.

ಅದರ ಬೆನ್ನಿಗೇ ಕನ್ನಡದಲ್ಲಿ ಹೊಸ ಅಲೆಯ ಚಿತ್ರಗಳ ಸಾಲು ಮೊದಲಾಯಿತು. 1971ರಲ್ಲಿ ಕಾರ್ನಾಡ ಮತ್ತು ಬಿ.ವಿ. ಕಾರಂತರ ‘ವಂಶವೃಕ್ಷ’, 1973ರಲ್ಲಿ ಕಾರ್ನಾಡರ ‘ಕಾಡು’, 1975ರಲ್ಲಿ ಕಾರಂತರ ‘ಚೋಮನ ದುಡಿ’, 1977ರಲ್ಲಿ ಗಿರೀಶ ಕಾಸರವಳ್ಳಿ ಅವರ ‘ಘಟಶ್ರಾದ್ಧ’ ಹೊರಬಂದವು. ಕೊನೆಯೆರಡು ಚಿತ್ರಗಳು ಸ್ವರ್ಣ ಕಮಲವನ್ನು ಮತ್ತೆ ಕನ್ನಡಕ್ಕೆ ತಂದವು. ಕಡಿಮೆ ಬಂಡವಾಳ, ಸ್ಥಳದಲ್ಲಿಯೇ ಚಿತ್ರೀಕರಣ, ಸಾಹಿತ್ಯ ಕೃತಿಯ ಆಧಾರ, ಹವ್ಯಾಸಿ ಕಲಾವಿದರು, ಈ ನಾಲ್ಕು ಸೂತ್ರಗಳಿಗೂ ‘ಸಂಸ್ಕಾರ’ವೇ ಮಾದರಿಯಾಯಿತು.

ಮದರಾಸಿನಿಂದ ಬೆಂಗಳೂರಿಗೆ ಬಂದು ನೆಲೆಸಿದ ರೆಡ್ಡಿ ದಂಪತಿಗಳ ಮನೆ ಕಲಾವಿದರು, ಬರಹಗಾರರು, ಸಮಾಜವಾದಿ ಕಾರ್ಯಕರ್ತರು ಕೂಡುವ ತಾಣವಾಯಿತು. ಮಗಳು ನಂದನಾ, ಮಗ ಕೊನಾರ್ಕ್ ಇಬ್ಬರೂ ಆ ಪರಿಸರದಲ್ಲಿಯೇ ಬೆಳೆದರು. ಲಂಕೇಶರ ‘ಕ್ರಾಂತಿ ಬಂತು ಕ್ರಾಂತಿ’ ನಾಟಕವನ್ನು ಆಧರಿಸಿ ಪಟ್ಟಾಭಿ ಅವರು ‘ಚಂಡಮಾರುತ’ ಎಂಬ ಮತ್ತೊಂದು ಚಿತ್ರ ನಿರ್ಮಿಸಿದರು. ಅದು ತೆರೆ ಕಾಣುವ ಮೊದಲೇ ನಿಜವಾದ ಚಂಡಮಾರುತ ದೇಶದ ಮೇಲೆರಗಿತು.

ಬಂಧನ

1975ರ ಜೂನ್ 25ರ ರಾತ್ರಿ ದೇಶದಲ್ಲಿ ಆಂತರಿಕ ತುರ್ತು ಪರಿಸ್ಥಿತಿ ಘೋಷಣೆಯಾಯಿತು. ವಿರೋಧ ಪಕ್ಷಗಳ ನಾಯಕರು ಸಾಲುಸಾಲಾಗಿ ಸೆರೆಮನೆ ಸೇರಿದರು, ಪತ್ರಿಕೆಗಳ ಮೇಲೆ ಸೆನ್ಸಾರ್ ಬಿದ್ದಿತು. ಮಂಗಳೂರಿನವರಾದ ಸಮಾಜವಾದಿ ಕಾರ್ಮಿಕ ನಾಯಕ ಜಾರ್ಜ್ ಫರ್ನಾಂಡಿಸ್ ಭೂಗತರಾದರು. ಅವರಿಗಾಗಿ ದೇಶಾದ್ಯಂತ ಶೋಧ ನಡೆಯಿತು. ಸರ್ಕಾರವನ್ನು ಉರುಳಿಸಲು ಸ್ಫೋಟಕ ಸಂಗ್ರಹಿಸಿದ ಆರೋಪದ ‘ಬರೋಡಾ ಡೈನಮೈಟ್ ಪ್ರಕರಣ’ ದಾಖಲಾಯಿತು. ರೆಡ್ಡಿ ದಂಪತಿಗಳು ಜಾರ್ಜ್ ಅವರ ಆಪ್ತ ಸ್ನೇಹಿತರಾಗಿದ್ದುದು ಪೊಲೀಸರಿಗೆ ತಿಳಿದ ಸಂಗತಿಯೇ ಆಗಿತ್ತು.

1976ರ ಮೇ 1ರಂದು ಬೆಂಗಳೂರಿನಲ್ಲಿ ಜಾರ್ಜ್ ಅವರ ಸಹೋದರ ಲಾರೆನ್ಸ್ ಫರ್ನಾಂಡಿಸ್ ಅವರನ್ನು ಪೊಲೀಸರು ಕರೆದೊಯ್ದು ಚಿತ್ರಹಿಂಸೆಗೆ ಗುರಿಪಡಿಸಿದರು. ಮರುದಿನ, ಮೇ 2ರಂದು, ಸ್ನೇಹಲತಾ ಅವರ ಬಂಧನವಾಯಿತು. ಬಳಿಕ ಅವರನ್ನು ಆಂತರಿಕ ಭದ್ರತಾ ಕಾಯಿದೆ, ಅಂದರೆ ಜನರ ಬಾಯಲ್ಲಿ ‘ಮೀಸಾ’ ಎಂದೇ ಹೆಸರಾಗಿದ್ದ ಶಾಸನದ ಅಡಿ ಬೆಂಗಳೂರು ಕೇಂದ್ರ ಕಾರಾಗೃಹದಲ್ಲಿ ಇರಿಸಲಾಯಿತು.

ಈ ದಿನಾಂಕಗಳ ಹಿಂದಿನ ಮತ್ತೊಂದು ದಿನಾಂಕವನ್ನು ಗಮನಿಸಬೇಕು. 1976ರ ಏಪ್ರಿಲ್ 28ರಂದು, ಎಂದರೆ ಅವರ ಬಂಧನಕ್ಕೆ ಕೇವಲ ನಾಲ್ಕು ದಿನ ಮೊದಲು, ಸರ್ವೋಚ್ಚ ನ್ಯಾಯಾಲಯವು ಜಬಲ್ಪುರ ಪ್ರಕರಣದ ತೀರ್ಪು ನೀಡಿತ್ತು. ತುರ್ತು ಪರಿಸ್ಥಿತಿಯ ಕಾಲದಲ್ಲಿ ಇಂತಹ ಬಂಧನವನ್ನು ಹೇಬಿಯಸ್ ಕಾರ್ಪಸ್ ಅರ್ಜಿಯ ಮೂಲಕ ಪ್ರಶ್ನಿಸುವ ಹಕ್ಕು ಬಂಧಿತರಿಗಿಲ್ಲವೆಂದು ಐವರು ನ್ಯಾಯಮೂರ್ತಿಗಳಲ್ಲಿ ನಾಲ್ವರು ಹೇಳಿದರು. ನ್ಯಾಯಮೂರ್ತಿ ಎಚ್.ಆರ್. ಖನ್ನಾ ಒಬ್ಬರೇ ಭಿನ್ನಮತ ದಾಖಲಿಸಿದರು. ಸ್ನೇಹಲತಾ ಅವರ ಪಾಲಿಗೆ ನ್ಯಾಯಾಲಯದ ಬಾಗಿಲು ಹೀಗೆ ಮೊದಲೇ ಮುಚ್ಚಿಹೋಗಿತ್ತು.

ಜಾರ್ಜ್ ಫರ್ನಾಂಡಿಸ್ ಅವರು 1976ರ ಜೂನ್ 10ರಂದು ಕಲ್ಕತ್ತೆಯಲ್ಲಿ ಸೆರೆಸಿಕ್ಕರು. ಅವರ ಸುಳಿವಿಗಾಗಿಯೇ ಸ್ನೇಹಲತಾ ಅವರನ್ನು ಹಿಡಿದಿಟ್ಟಿದ್ದರೆ, ಆ ಕಾರಣ ಅಂದಿಗೇ ತೀರಿತ್ತು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಸಲ್ಲಿಸಲಾದ ಅಂತಿಮ ಆರೋಪಪಟ್ಟಿಯಲ್ಲಿ ಜಾರ್ಜ್ ಹಾಗೂ ಇತರ 24 ಮಂದಿಯ ಹೆಸರುಗಳಿದ್ದವು. ಸ್ನೇಹಲತಾ ಅವರ ಹೆಸರು ಅದರಲ್ಲಿರಲಿಲ್ಲ. ಆರೋಪವೇ ಇಲ್ಲದ ಮೇಲೂ ಬಿಡುಗಡೆ ಆಗಲಿಲ್ಲ. ಯಾವ ಅಪರಾಧಕ್ಕಾಗಿ ಬಂಧನದಲ್ಲಿದ್ದಾರೆಂದು ಕೇಳಲು ಅವರಿಗೆ ಜಾಗವಿರಲಿಲ್ಲ, ಹೇಳುವ ಹೊಣೆ ಸರ್ಕಾರಕ್ಕಿರಲಿಲ್ಲ.

ಕಲ್ಲುಗೋಡೆಯ ನಡುವೆ

ಅಂದಿನ ಬೆಂಗಳೂರು ಕೇಂದ್ರ ಕಾರಾಗೃಹ ನಗರದ ನಡುಮಧ್ಯದಲ್ಲಿತ್ತು. ಎಲ್.ಕೆ. ಆಡ್ವಾಣಿ, ಮಧು ದಂಡವತೆ ಮುಂತಾದ ರಾಷ್ಟ್ರೀಯ ನಾಯಕರೂ ಕರ್ನಾಟಕದ ಅನೇಕ ರಾಜಕಾರಣಿಗಳೂ ಅಲ್ಲಿ ರಾಜಕೀಯ ಬಂದಿಗಳಾಗಿದ್ದರು. ಪುರುಷ ಬಂದಿಗಳಿಗೆ ಒಬ್ಬರಿಗೊಬ್ಬರ ಸಾಂಗತ್ಯವಿತ್ತು, ಓದು ಚರ್ಚೆಗಳಿದ್ದವು. ಸ್ನೇಹಲತಾ ಅವರಿಗೆ ದೊರೆತದ್ದು ಒಬ್ಬಂಟಿ ಕೋಣೆ. ಒಂದು ತುದಿಯಲ್ಲಿ ಕಬ್ಬಿಣದ ಸರಳುಗಳ ಬಾಗಿಲು, ಇನ್ನೊಂದು ತುದಿಯಲ್ಲಿ ಶೌಚಕ್ಕೆಂದು ನೆಲದಲ್ಲಿ ಒಂದು ಕಿಂಡಿ, ಮಲಗಲು ಬರಿನೆಲ.

ಅವರಿಗೆ ಬಹುಕಾಲದಿಂದ ಉಬ್ಬಸದ ಬಾಧೆಯಿತ್ತು. ತೇವ, ದೂಳು, ಚಳಿ, ಆತಂಕ ಇವೆಲ್ಲ ಆ ಕಾಯಿಲೆಯನ್ನು ಕೆರಳಿಸುವಂಥವು. ಹೊತ್ತಿಗೆ ಸರಿಯಾಗಿ ಔಷಧ, ಬಿಸಿನೀರು, ಗಾಳಿಯಾಡುವ ಸ್ಥಳ, ಹತ್ತಿರದಲ್ಲಿ ವೈದ್ಯರು ಇದ್ದರೆ ಉಬ್ಬಸದ ರೋಗಿ ದೀರ್ಘಕಾಲ ಬದುಕಬಲ್ಲ. ಸೆರೆಮನೆಯಲ್ಲಿ ಅವರಿಗೆ ಕ್ರಮಬದ್ಧವಾದ ಚಿಕಿತ್ಸೆ ದೊರೆಯಲಿಲ್ಲ. ಕಾಯಿಲೆ ಉಲ್ಬಣಿಸಿ ಪ್ರಜ್ಞೆ ತಪ್ಪಿದ ಸಂದರ್ಭಗಳೂ ಇದ್ದವು. ರಾತ್ರಿಯ ಮೌನದಲ್ಲಿ ಅವರ ಕೋಣೆಯ ಕಡೆಯಿಂದ ಬರುತ್ತಿದ್ದ ಆರ್ತನಾದ ತಮ್ಮ ಕಿವಿಗೆ ಬೀಳುತ್ತಿದ್ದುದನ್ನು ಮಧು ದಂಡವತೆ ಅವರು ಮುಂದೆ ತಮ್ಮ ಬರಹದಲ್ಲಿ ದಾಖಲಿಸಿದ್ದಾರೆ.

ಆದರೆ ಸ್ನೇಹಲತಾ ಅವರ ಸೆರೆವಾಸದ ಕಥೆ ನೋವಿನದಷ್ಟೇ ಅಲ್ಲ. ಮಹಿಳಾ ವಿಭಾಗದಲ್ಲಿದ್ದ ಇತರ ಬಂದಿಗಳು ಬಹುತೇಕ ಬಡವರು, ಹೇಳುವವರು ಕೇಳುವವರು ಇಲ್ಲದವರು. ಅವರ ಮೇಲೆ ನಡೆಯುತ್ತಿದ್ದ ಹೊಡೆತ ಬಡಿತಗಳನ್ನು ಸ್ನೇಹಲತಾ ಪ್ರತಿಭಟಿಸಿದರು. ಊಟದ ಗುಣಮಟ್ಟಕ್ಕಾಗಿ, ಮನುಷ್ಯರಂತೆ ನಡೆಸಿಕೊಳ್ಳಬೇಕೆಂಬ ಬೇಡಿಕೆಗಾಗಿ ಉಪವಾಸ ಕುಳಿತರು. ಕೆಲವು ಸುಧಾರಣೆಗಳು ಆದವು. ಆ ಹೆಂಗಸರಿಗೆ ಹಾಡು ಕಲಿಸಿದರು, ಸಣ್ಣಪುಟ್ಟ ನಾಟಕಗಳನ್ನು ಆಡಿಸಿದರು. ಮದರಾಸಿನ ಸುಸಜ್ಜಿತ ರಂಗಮಂದಿರಗಳಲ್ಲಿ ಇಬ್ಸೆನ್ ಮತ್ತು ಶೇಕ್ಸ್‌ಪಿಯರ್ ಆಡಿದ ತಂಡದ ಕಲಾವಿದೆಯ ಕೊನೆಯ ರಂಗಭೂಮಿ ಸೆರೆಮನೆಯ ಅಂಗಳವಾಯಿತು. ಪ್ರೇಕ್ಷಕರೂ ಬಂದಿಗಳೇ, ಪಾತ್ರಧಾರಿಗಳೂ ಬಂದಿಗಳೇ.

ಈ ಅವಧಿಯಲ್ಲಿ ಅವರು ದಿನಚರಿಯನ್ನೂ ಬರೆದಿಟ್ಟರು. ದೇಹದ ಬಳಲಿಕೆ, ಮನೆಯವರ ನೆನಪು, ಸಹಬಂದಿಗಳ ಪಾಡು, ಅಧಿಕಾರದ ಕ್ರೌರ್ಯ ಇವೆಲ್ಲ ಅಲ್ಲಿ ದಾಖಲಾಗಿವೆ. ಅವರ ಮರಣಾನಂತರ 1977ರಲ್ಲಿ ಕರ್ನಾಟಕದ ಮಾನವ ಹಕ್ಕುಗಳ ಸಮಿತಿ ಅದನ್ನು ಪುಸ್ತಕರೂಪದಲ್ಲಿ ಪ್ರಕಟಿಸಿತು. ತುರ್ತು ಪರಿಸ್ಥಿತಿಯ ಬಗೆಗೆ ನಾಯಕರು ಬರೆದ ಆತ್ಮಕಥೆಗಳು ಅನೇಕ. ಮಹಿಳಾ ಬಂದಿಗಳ ಕೋಣೆಯ ಒಳಗಿನಿಂದ ಬಂದ ಬರಹಗಳು ವಿರಳ. ಆ ದೃಷ್ಟಿಯಿಂದ ಈ ಕಿರುಹೊತ್ತಗೆಗೆ ವಿಶೇಷ ಬೆಲೆಯಿದೆ.

ಕೊನೆಯ ಐದು ದಿನ

ಶ್ವಾಸಕೋಶದ ಸೋಂಕು ತೀವ್ರವಾಗಿ, ಇನ್ನು ಉಳಿಯುವುದು ಕಷ್ಟವೆಂಬ ಸ್ಥಿತಿ ತಲುಪಿದಾಗ 1977ರ ಜನವರಿ 15ರಂದು ಅವರನ್ನು ಪೆರೋಲ್ ಮೇಲೆ ಬಿಡಲಾಯಿತು. ಜನವರಿ 18ರಂದು ಲೋಕಸಭೆಗೆ ಚುನಾವಣೆ ನಡೆಯಲಿದೆಯೆಂಬ ಘೋಷಣೆ ಹೊರಬಿದ್ದು, ರಾಜಕೀಯ ನಾಯಕರ ಬಿಡುಗಡೆ ಆರಂಭವಾಯಿತು. ಅದಾದ ಎರಡೇ ದಿನಕ್ಕೆ, ಜನವರಿ 20ರಂದು, ಸ್ನೇಹಲತಾ ಅವರು ಕಣ್ಮುಚ್ಚಿದರು. ಅವರ ವಯಸ್ಸು ಆಗ ನಲವತ್ತೈದರ ಆಸುಪಾಸು. ಇನ್ನೆರಡು ತಿಂಗಳಲ್ಲಿ, ಮಾರ್ಚ್ 21ರಂದು, ತುರ್ತು ಪರಿಸ್ಥಿತಿ ಕೊನೆಗೊಂಡಿತು. ಸೆರೆಯಲ್ಲಿದ್ದುಕೊಂಡೇ ಸ್ಪರ್ಧಿಸಿದ್ದ ಜಾರ್ಜ್ ಫರ್ನಾಂಡಿಸ್ ಬಿಹಾರದ ಮುಜಫ್ಫರ್‌ಪುರದಿಂದ ಗೆದ್ದು ಕೇಂದ್ರ ಸಚಿವರಾದರು. ಬರೋಡಾ ಡೈನಮೈಟ್ ಪ್ರಕರಣವನ್ನು ಹಿಂತೆಗೆದುಕೊಳ್ಳಲಾಯಿತು. ಮೀಸಾ ಕಾಯಿದೆಯೂ ರದ್ದಾಯಿತು. ಪ್ರಕರಣದ ಆರೋಪಿಗಳೆಲ್ಲ ಹೊರಬಂದರು. ಆರೋಪಿಯೂ ಅಲ್ಲದ ಸ್ನೇಹಲತಾ ಅಷ್ಟರಲ್ಲಿ ಇರಲಿಲ್ಲ.

ಕಾನೂನು ತನ್ನ ತಪ್ಪನ್ನು ತಿದ್ದಿಕೊಳ್ಳಲು ಹೆಚ್ಚು ಕಾಲ ತೆಗೆದುಕೊಂಡಿತು. 1978ರ 44ನೆಯ ತಿದ್ದುಪಡಿಯ ಮೂಲಕ, ತುರ್ತು ಪರಿಸ್ಥಿತಿಯಲ್ಲಿಯೂ ಜೀವ ಮತ್ತು ಸ್ವಾತಂತ್ರ್ಯದ ಹಕ್ಕನ್ನು ಜಾರಿಗೊಳಿಸುವ ಅವಕಾಶವನ್ನು ಅಮಾನತಿನಲ್ಲಿಡಲಾಗದೆಂದು ಸಂವಿಧಾನದಲ್ಲಿ ಸೇರಿಸಲಾಯಿತು. ‘ಆಂತರಿಕ ಕ್ಷೋಭೆ’ ಎಂಬ ಸಡಿಲ ಕಾರಣದ ಬದಲು ‘ಸಶಸ್ತ್ರ ದಂಗೆ’ ಎಂಬ ಬಿಗಿಯಾದ ಷರತ್ತು ಬಂದಿತು. ಜಬಲ್ಪುರ ಪ್ರಕರಣದ ತೀರ್ಪನ್ನು ಸರ್ವೋಚ್ಚ ನ್ಯಾಯಾಲಯದ ಒಂಬತ್ತು ನ್ಯಾಯಮೂರ್ತಿಗಳ ಪೀಠ ಸ್ಪಷ್ಟವಾಗಿ ತಳ್ಳಿಹಾಕಿದ್ದು 2017ರ ಆಗಸ್ಟ್ 24ರಂದು, ಖಾಸಗಿತನದ ಹಕ್ಕಿನ ಪ್ರಕರಣದಲ್ಲಿ. ಆ ಪ್ರಕರಣದ ಅರ್ಜಿದಾರರು ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ಅಷ್ಟು ಹೊತ್ತಿಗೆ ಸ್ನೇಹಲತಾ ಅವರು ತೀರಿಕೊಂಡು ನಲವತ್ತು ವರ್ಷಗಳು ಕಳೆದಿದ್ದವು.

ಪತ್ನಿಯ ಅಗಲಿಕೆಯ ಬಳಿಕ ಪಟ್ಟಾಭಿರಾಮ ರೆಡ್ಡಿ ಅವರು ‘ಶೃಂಗಾರ ಮಾಸ’, ‘ದೇವರ ಕಾಡು’ ಚಿತ್ರಗಳನ್ನು ನಿರ್ದೇಶಿಸಿ, 2006ರ ಮೇ 6ರಂದು ಬೆಂಗಳೂರಿನಲ್ಲಿ ನಿಧನರಾದರು. ನಂದನಾ ರೆಡ್ಡಿ ಅವರು ದುಡಿಯುವ ಮಕ್ಕಳ ಹಕ್ಕುಗಳ ಹೋರಾಟದಲ್ಲಿ ತೊಡಗಿದರು. ಕೊನಾರ್ಕ್ ರೆಡ್ಡಿ ಗಿಟಾರ್ ವಾದಕರಾಗಿ ಹೆಸರಾದರು. ಹಳೆಯ ಕೇಂದ್ರ ಕಾರಾಗೃಹ ಪರಪ್ಪನ ಅಗ್ರಹಾರಕ್ಕೆ ಸ್ಥಳಾಂತರಗೊಂಡು, ಆ ಜಾಗದಲ್ಲಿ 2008ರಲ್ಲಿ ‘ಸ್ವಾತಂತ್ರ್ಯ ಉದ್ಯಾನ’ ತೆರೆಯಿತು. ಫ್ರೀಡಂ ಪಾರ್ಕ್ ಎಂದೇ ಜನಜನಿತವಾದ ಆ ಸ್ಥಳದಲ್ಲಿ ನಾಡಿನ ನಾನಾ ಭಾಗಗಳ ರೈತರು, ಕಾರ್ಮಿಕರು, ಅಂಗನವಾಡಿ ಕಾರ್ಯಕರ್ತೆಯರು ಬಂದು ಧರಣಿ ಕೂರುತ್ತಾರೆ. ರಾಯಚೂರು, ದೇವದುರ್ಗ, ಮಾನ್ವಿ ಕಡೆಯಿಂದ ರೈಲು ಬಸ್ಸು ಹಿಡಿದು ಬಂದವರೂ ಅಲ್ಲಿ ತಮ್ಮ ದನಿ ಎತ್ತಿದ್ದಾರೆ. ಕೇಳುವ ಹಕ್ಕೇ ಇಲ್ಲದೆ ಹೆಣ್ಣುಮಗಳೊಬ್ಬಳು ಉಸಿರಿಗಾಗಿ ಒದ್ದಾಡಿದ ನೆಲ ಅದೆಂಬುದು ಅವರಲ್ಲಿ ಎಷ್ಟು ಮಂದಿಗೆ ತಿಳಿದಿದೆಯೋ.

ಉಳಿದ ಪ್ರಶ್ನೆ

ಸ್ನೇಹಲತಾ ಅವರ ಬಾಳನ್ನು ಹುತಾತ್ಮತೆಯ ಒಂದೇ ಚೌಕಟ್ಟಿನಲ್ಲಿ ಕೂರಿಸಿದರೆ ಅವರೊಳಗಿನ ಕಲಾವಿದೆಗೆ ಅನ್ಯಾಯವಾದೀತು. ನರ್ತಕಿಯಾಗಿ, ರಂಗನಟಿಯಾಗಿ, ನಾಟಕಕಾರ್ತಿಯಾಗಿ ಅವರು ಮಾಡಿದ ಕೆಲಸ ತನ್ನ ಬಲದಿಂದಲೇ ನಿಲ್ಲಬಲ್ಲುದು. ಹಾಗೆಯೇ ಅವರನ್ನು ‘ಸಂಸ್ಕಾರ’ದ ನಟಿಯೆಂದಷ್ಟೇ ನೆನೆದರೆ ಅವರ ರಾಜಕೀಯ ನಿಷ್ಠೆ ಮರೆಯಾಗುತ್ತದೆ. ಆ ಎರಡೂ ಮುಖಗಳು ಕೂಡುವ ಸ್ಥಳವೇ ಚಂದ್ರಿಯ ಪಾತ್ರ. ಜಾತಿವಿನಾಶದ ಕನಸು ಕಂಡ ತಂಡವೊಂದು ತನ್ನ ಕಸುಬಿನ ಮೂಲಕ ಮಾಡಿದ ಪ್ರತಿಭಟನೆಯಲ್ಲಿ ಅವರು ಕೇಳಿ ಪಡೆಯಬಹುದಾದ ದೊಡ್ಡ ಪಾತ್ರ ಅದಾಗಿರಲಿಲ್ಲ. ಇದ್ದಷ್ಟು ದೃಶ್ಯಗಳಲ್ಲಿಯೇ ಚಿತ್ರದ ನೈತಿಕ ಭಾರವನ್ನು ಅವರು ಹೊತ್ತರು.

ದೂರ್ವಾಸಪುರದ ಪಂಡಿತರು ಶಾಸ್ತ್ರದ ಹಾಳೆ ತಿರುವುತ್ತ ಕುಳಿತಾಗ ಮನೆಯೊಂದರಲ್ಲಿ ದೇಹ ಕೊಳೆಯುತ್ತಿತ್ತು. 1976ರಲ್ಲಿ ಆಡಳಿತ ಕಾನೂನಿನ ಹಾಳೆ ತಿರುವುತ್ತ ಕುಳಿತಾಗ ಕೋಣೆಯೊಂದರಲ್ಲಿ ಜೀವ ಕರಗುತ್ತಿತ್ತು. ಅಗ್ರಹಾರದಲ್ಲಿ ಮುಂದೆ ಬಂದು ಮಾಡಬೇಕಾದ್ದನ್ನು ಮಾಡಲು 1970ರ ತೆರೆಯ ಮೇಲೆ ಚಂದ್ರಿಯೊಬ್ಬಳಿದ್ದಳು. ಸೆರೆಮನೆಯಲ್ಲಿದ್ದ ಚಂದ್ರಿಗಾಗಿ ಹೊತ್ತಿಗೆ ಸರಿಯಾಗಿ ಮುಂದೆ ಬಂದವರು ಯಾರೂ ಇರಲಿಲ್ಲ. ತುರ್ತು ಪರಿಸ್ಥಿತಿಯನ್ನು ಪ್ರತಿವರ್ಷ ಜೂನ್ ತಿಂಗಳಿನಲ್ಲಿ ಪಕ್ಷಗಳು ತಮ್ಮ ತಮ್ಮ ಅನುಕೂಲಕ್ಕೆ ತಕ್ಕಂತೆ ನೆನೆಯುತ್ತವೆ. ಜನವರಿ 20 ಮಾತ್ರ ಸದ್ದಿಲ್ಲದೆ ಬಂದು ಹೋಗುತ್ತದೆ. ವಿಚಾರಣೆಯಿಲ್ಲದೆ ಸೆರೆಯಲ್ಲಿರುವ ರೋಗಿಗೆ ಔಷಧ ತಲುಪಿಸುವ ಹೊಣೆ ಯಾರದೆಂಬ ಪ್ರಶ್ನೆ ಸ್ನೇಹಲತಾ ರೆಡ್ಡಿ ಅವರ ದಿನಚರಿಯ ಪುಟಗಳಲ್ಲಿದೆ. ಸರ್ಕಾರಗಳು ಬದಲಾದರೂ ಆ ಪ್ರಶ್ನೆ ಹಳತಾಗಿಲ್ಲ.